ಮೂವತ್ತು ದಿನ ಕಳೆದ ಮೇಲೆ ಬಂದ ಅರ್ಜಿ

ಚಿಕ್ಕಮ್ಮನ ಪರವಾಗಿ ಆಗಿದ್ದ ಮನೆ ತೆರವಿನ ಡಿಕ್ರಿ ಅಮಲ್ಜಾರಿಯ ಹಂತಕ್ಕೆ ಬಂದಿದ್ದಾಗ ಬಾಡಿಗೆದಾರರು ಒಟ್ಟಿಗೆ ಎರಡು ಅರ್ಜಿಗಳನ್ನು ಹಾಕಿದರು. ಒಂದು, ಸಿವಿಲ್ ಪ್ರಕ್ರಿಯಾ ಸಂಹಿತೆಯ 9ನೇ ಆದೇಶದ 13ನೇ ನಿಯಮದಡಿ ತಾವು ಹಾಜರಿಲ್ಲದಾಗ ಆದ ಏಕಪಕ್ಷೀಯ ಡಿಕ್ರಿಯನ್ನು ರದ್ದುಪಡಿಸಬೇಕೆಂಬುದು. ಇನ್ನೊಂದು, 1963ರ ಕಾಲಮಿತಿ ಕಾಯ್ದೆಯ 5ನೇ ಕಲಮಿನಡಿ ತಡವನ್ನು ಮನ್ನಾ ಮಾಡಬೇಕೆಂಬುದು. ಇಂಥ ಅರ್ಜಿಗೆ ಕಾನೂನು ಕೊಟ್ಟಿರುವ ಅವಧಿ 30 ದಿನ, ಅವರು ಬಂದದ್ದು ತಿಂಗಳುಗಳು ಉರುಳಿದ ಮೇಲೆ. ನಿವೃತ್ತ ಶಿಕ್ಷಕಿಯಾದ ಚಿಕ್ಕಮ್ಮನ ಔಷಧದ ಖರ್ಚು ಆ ಬಾಡಿಗೆಯಿಂದಲೇ ನಡೆಯಬೇಕಿತ್ತು, ಅದು ನಿಂತು ಬಹಳ ಕಾಲವಾಗಿತ್ತು. ಅರ್ಜಿಗಳ ಮೇಲೆ ವಾದ ನಡೆದ ದಿನ ಅವರ ಜೊತೆ ನಾನೂ ನ್ಯಾಯಾಲಯದಲ್ಲಿದ್ದೆ.

ಬಾಡಿಗೆದಾರರ ವಕೀಲರು 1987ರ ಕಾತಿಜಿ ಪ್ರಕರಣದ ಸುಪ್ರೀಂ ಕೋರ್ಟ್ ತೀರ್ಪನ್ನು ಮುಂದಿಟ್ಟರು. ಪ್ರತಿ ದಿನದ ತಡಕ್ಕೂ ಕಾರಣ ಕೊಡಬೇಕೆಂಬ ಮಾತನ್ನು ಅಕ್ಷರಕ್ಕೆ ಅಂಟಿಕೊಂಡು ಅರ್ಥ ಮಾಡಬಾರದು, ಉದಾರವಾಗಿ ನೋಡಬೇಕು ಎಂದು ಹೇಳುವ ತೀರ್ಪು ಅದು. ನಮ್ಮ ವಕೀಲರು 1997ರ ರಾಮಚಂದ್ರನ್ ಪ್ರಕರಣವನ್ನು ಓದಿದರು. ಕಾಲಮಿತಿಯ ಕಾನೂನು ಒಬ್ಬರಿಗೆ ಕಠಿಣವೆನಿಸಿದರೂ ಅದನ್ನು ಪೂರ್ಣ ಬಿಗಿಯಿಂದ ಅನ್ವಯಿಸಲೇಬೇಕು ಎಂಬುದು ಅದರ ಸಾರ. ಎರಡೂ ಅದೇ ಸರ್ವೋಚ್ಚ ನ್ಯಾಯಾಲಯದ ಮಾತುಗಳಾದ್ದರಿಂದ ತೀರ್ಪುಗಳ ಬಲದಿಂದಷ್ಟೇ ವಿಷಯ ಇತ್ಯರ್ಥವಾಗುವಂತಿರಲಿಲ್ಲ.

ನ್ಯಾಯಾಧೀಶರು ಎರಡನ್ನೂ ಪಕ್ಕಕ್ಕಿಟ್ಟು ಕಡತ ತರಿಸಿಕೊಂಡರು. ಮೊದಲು ಸಮನ್ಸ್ ಜಾರಿಯ ವರದಿಯನ್ನು ತಿರುವಿ ನೋಡಿದರು. ಅದರ ಹಿಂಬದಿಯಲ್ಲಿ ಬಾಡಿಗೆದಾರರ ವಯಸ್ಕ ಮಗನ ಸಹಿಯಿತ್ತು. ಸಮನ್ಸ್ ಸರಿಯಾಗಿ ಜಾರಿಯಾಗದೇ ಇದ್ದಿದ್ದರೆ ಡಿಕ್ರಿಯ ವಿಷಯ ತಿಳಿದ ದಿನದಿಂದ ಅವಧಿಯನ್ನು ಲೆಕ್ಕ ಹಾಕಬೇಕಾಗುತ್ತಿತ್ತು. ಮನೆಯ ವಯಸ್ಕ ಸದಸ್ಯ ಪಡೆದಿದ್ದರಿಂದ ಜಾರಿ ಸರಿಯಾಗಿಯೇ ಆಗಿದೆ, ಆದ್ದರಿಂದ ಡಿಕ್ರಿಯ ದಿನದಿಂದಲೇ ಲೆಕ್ಕ ಎಂದರು. ಆಮೇಲೆ ತಡಕ್ಕೆ ಕಾರಣವಾಗಿ ಬಾಡಿಗೆದಾರರು ಕೊಟ್ಟಿದ್ದ ಆಸ್ಪತ್ರೆಯ ಬಿಡುಗಡೆ ಪತ್ರವನ್ನು ಸಮನ್ಸಿನ ಪಕ್ಕದಲ್ಲಿಟ್ಟು, ಮಗ ಸಹಿ ಮಾಡಿದ ದಿನ ತಂದೆ ಆಸ್ಪತ್ರೆಯಲ್ಲಿದ್ದರೇ ಎಂದು ಕೇಳಿದರು. ಇದ್ದರು, ಹೃದಯದ ಶಸ್ತ್ರಚಿಕಿತ್ಸೆಯಾಗಿತ್ತು. ಹಾಗಾದರೆ ಮನೆಗೆ ಬಂದ ಮೇಲಿನ ಈ ದೀರ್ಘ ಕಾಲಕ್ಕೆ ಏನು ಹೇಳುತ್ತೀರಿ ಎಂಬ ಮುಂದಿನ ಪ್ರಶ್ನೆಗೆ ವಿಶ್ರಾಂತಿಯ ಸಲಹೆ ಇತ್ತೆಂಬುದಕ್ಕಿಂತ ಹೆಚ್ಚಿನ ಉತ್ತರ ಬರಲಿಲ್ಲ.

ತಡದ ಒಂದು ಭಾಗಕ್ಕೆ ಗಟ್ಟಿಯಾದ ಕಾರಣವಿದೆ, ಇನ್ನೊಂದು ಭಾಗಕ್ಕೆ ಅರೆಬರೆ ಕಾರಣವಷ್ಟೇ ಇದೆ ಎಂದು ಅವರು ಆದೇಶದಲ್ಲಿಯೇ ಬರೆಸಿದರು. ತಡ ಮನ್ನಾ ಆಯಿತು, ಆದರೆ ಷರತ್ತಿನ ಮೇಲೆ. ಬಾಕಿ ಬಾಡಿಗೆಯನ್ನು ನಿಗದಿತ ದಿನದೊಳಗೆ ನ್ಯಾಯಾಲಯದಲ್ಲಿ ಠೇವಣಿ ಇಡಬೇಕು, ಚಿಕ್ಕಮ್ಮನಿಗೆ ದಾವೆಯ ಖರ್ಚು ಕೊಡಬೇಕು, ಅಂದೇ ದಾವೆಗೆ ಉತ್ತರವಾಗಿ ಲಿಖಿತ ಹೇಳಿಕೆ ಸಲ್ಲಿಸಬೇಕು. ತಪ್ಪಿದರೆ ಅರ್ಜಿ ತಾನಾಗಿ ವಜಾ. ಇಂಥ ಷರತ್ತು ಹಾಕುವ ಅಧಿಕಾರವನ್ನು 13ನೇ ನಿಯಮವೇ ಕೊಡುತ್ತದೆ.

ಹೊರಗೆ ಬಂದಾಗ ಚಿಕ್ಕಮ್ಮ ನೊಂದುಕೊಂಡಿದ್ದರು. "ಮೂವತ್ತು ದಿನ ಅಂತ ಯಾಕೆ ಬರೆದಿಟ್ಟಿದ್ದಾರೆ ವಕೀಲರೇ, ದಾಟಿದವರಿಗೂ ಬಾಗಿಲು ತೆಗೆಯೋದಾದರೆ?" ಎಂದರು. ಅವರ ಪ್ರಶ್ನೆ ನ್ಯಾಯವಾದದ್ದು. ಗಡುವು ತಪ್ಪಿಸಿದವರ ಕಷ್ಟ ಅರ್ಜಿಯಲ್ಲಿ ಪುಟಗಟ್ಟಲೆ ಇರುತ್ತದೆ. ಗಡುವನ್ನು ನಂಬಿ ಕಾದವರ ಕಷ್ಟಕ್ಕೆ ತಕರಾರಿನಲ್ಲಿ ನಾಲ್ಕು ಸಾಲು ಸಿಕ್ಕರೆ ಹೆಚ್ಚು. ವಕೀಲರು, "ಅಮ್ಮ, ಈ ಗಡುವನ್ನು ಸಡಿಲಿಸಲು 5ನೇ ಕಲಮು ಇದೆ. ಎಲ್ಲ ಗಡುವಿಗೂ ಅದು ಅನ್ವಯಿಸುವುದಿಲ್ಲ" ಎಂದು ಬಿಡಿಸಿ ಹೇಳಿದರು. ರಾಜಸ್ಥಾನದ ಬಾಡಿಗೆ ಕಾಯ್ದೆಯಡಿ ಬಾಡಿಗೆದಾರ ಕಾಯ್ದೆ ಹೇಳಿದ ಅವಧಿಯಲ್ಲಿ ಬಾಡಿಗೆ ಠೇವಣಿ ಇಡದಿದ್ದ ನಾಸಿರುದ್ದೀನ್ ಪ್ರಕರಣದಲ್ಲಿ, ಕಾಯ್ದೆಯೇ ಅಧಿಕಾರ ಕೊಡದ ಕಡೆ ನ್ಯಾಯಾಲಯ ಅವಧಿ ವಿಸ್ತರಿಸಲಾಗದು, 5ನೇ ಕಲಮೂ ನೆರವಿಗೆ ಬಾರದು ಎಂದು ಸುಪ್ರೀಂ ಕೋರ್ಟ್ 2003ರಲ್ಲಿ ಹೇಳಿತು. ಪಶ್ಚಿಮ ಬಂಗಾಳದ ಕಾಯ್ದೆಯ ಠೇವಣಿಯ ಬಗ್ಗೆ 2019ರಲ್ಲಿ ಬಂದ ತೀರ್ಪೂ ಅದೇ ದಾರಿಯದು. ಅಂಥಲ್ಲಿ ನ್ಯಾಯಾಧೀಶರ ಮನಸ್ಸು ಎಷ್ಟು ಕರಗಿದರೂ ಕೈ ಕಟ್ಟಿರುತ್ತದೆ.

ಈ ವ್ಯತ್ಯಾಸ ನಮಗೆ ಬೇಗನೆ ಮತ್ತೆ ಎದುರಾಯಿತು. ಠೇವಣಿಯ ದಿನ ಬಾಡಿಗೆದಾರರು ಮೊತ್ತದ ಬಹುಪಾಲನ್ನಷ್ಟೇ ಡಿಮ್ಯಾಂಡ್ ಡ್ರಾಫ್ಟಿನಲ್ಲಿ ತಂದು, ಉಳಿದದ್ದಕ್ಕೆ ಕಾಲಾವಕಾಶ ಬೇಡಿದರು. ಇದು ನ್ಯಾಯಾಲಯವೇ ಹಾಕಿದ ಗಡುವು. ಸಿವಿಲ್ ಪ್ರಕ್ರಿಯಾ ಸಂಹಿತೆಯ 148ನೇ ಕಲಮಿನಡಿ ಅದನ್ನು ಒಟ್ಟು 30 ದಿನ ಮೀರದಂತೆ ವಿಸ್ತರಿಸಬಹುದು. ಕೈಮೀರಿದ ಕಾರಣವಿದ್ದರೆ ಅದಕ್ಕಿಂತಲೂ ಹೆಚ್ಚು ಕೊಡಬಹುದೆಂದು 2005ರ ಸೇಲಂ ವಕೀಲರ ಸಂಘದ ಪ್ರಕರಣದಲ್ಲಿ ತೀರ್ಪಾಗಿದೆ. 'ತಾನಾಗಿ ವಜಾ' ಎಂದು ಬರೆದಿದ್ದರೂ ನ್ಯಾಯಾಲಯ ಅಸಹಾಯಕವಲ್ಲ ಎಂಬುದು 1961ರ ಮಹಂತ ರಾಮದಾಸ್ ಪ್ರಕರಣದಿಂದ ಬಂದ ಮಾತು. ನಮ್ಮ ವಕೀಲರು ಆಕ್ಷೇಪಿಸಿದರು. ನ್ಯಾಯಾಧೀಶರು ತಂದ ಹಣವನ್ನು ಆಗಲೇ ಜಮಾ ಮಾಡಿಸಿ, ಉಳಿದದ್ದಕ್ಕೆ ಒಂದು ವಾರ ಕೊಟ್ಟು, ದಾವೆ ಮುಗಿಯುವವರೆಗೆ ಪ್ರತಿ ತಿಂಗಳ ಬಾಡಿಗೆಯನ್ನೂ ಕಟ್ಟುತ್ತಿರಬೇಕೆಂದು ಹೊಸದಾಗಿ ಸೇರಿಸಿದರು.

ಆ ಕೊನೆಯ ಸೇರ್ಪಡೆಯಿಂದಲೇ ಆದೇಶ ನನಗೆ ಒಪ್ಪಿಗೆಯಾಯಿತು. ವಿವೇಚನಾಧಿಕಾರದಿಂದ ಒಬ್ಬರಿಗೆ ಸಮಯ ಸಿಕ್ಕಾಗ ಆ ಸಮಯದ ಬೆಲೆಯನ್ನು ಇನ್ನೊಬ್ಬರು ತೆರುತ್ತಾರೆ. ಬರಿಯ ಖರ್ಚು ಕೊಡಿಸಿ ತಡವನ್ನು ಮನ್ನಿಸುವ ಆದೇಶ ಆ ಬೆಲೆಯನ್ನು ಲೆಕ್ಕಕ್ಕೇ ತೆಗೆದುಕೊಳ್ಳುವುದಿಲ್ಲ. ತೆರವಿನ ದಾವೆಗಳಲ್ಲಿ ಚಾಲ್ತಿ ಬಾಡಿಗೆಯ ಠೇವಣಿಯನ್ನು ಮೊದಲ ದಿನದ ಷರತ್ತಿನಲ್ಲಿಯೇ ಸೇರಿಸಬೇಕು, ಎರಡನೆಯ ಸಲ ಸಮಯ ಕೇಳಿದಾಗ ನೆನಪಾಗುವಂತಾಗಬಾರದು.

ವಾರದೊಳಗೆ ಉಳಿದ ಹಣ ಜಮಾ ಆಯಿತು, ಡಿಕ್ರಿ ರದ್ದಾಗಿ ದಾವೆ ಮತ್ತೆ ಕಡತಕ್ಕೆ ಬಂತು. ಠೇವಣಿಯನ್ನು ಪಡೆದುಕೊಳ್ಳಲು ಚಿಕ್ಕಮ್ಮ ಅರ್ಜಿ ಹಾಕಿದ್ದಾರೆ. ವಿವಾದಾಂಶಗಳು ರಚನೆಯಾಗಿದ್ದು, ಮುಂದಿನ ವಾಯಿದೆ ಅವರ ಸಾಕ್ಷ್ಯಕ್ಕೆ.