ಕೊನೆಗೌಡರ ಕಾಲು ಮತ್ತು ಶೇಕಡಾ 12: ಮೇಲ್ಮನವಿ ಕಡತದ ದಿನಚರಿ

ಐತೀರ್ಪಿನ ನಂತರ 17ನೇ ದಿನ

ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಯ ಐತೀರ್ಪಿನ, ಅಂದರೆ ಪರಿಹಾರ ನಿಗದಿ ಮಾಡಿದ ಆದೇಶದ, ದೃಢೀಕೃತ ನಕಲು ಇಂದು ಕೈಸೇರಿತು. ನನ್ನ ಸೋದರಮಾವ ಶಿರಸಿ ಸೀಮೆಯ ಅಡಿಕೆ ತೋಟಗಳಲ್ಲಿ ಕೊನೆಗೌಡರಾಗಿದ್ದವರು, ಅಂದರೆ ಮರ ಹತ್ತಿ ಅಡಿಕೆ ಗೊನೆ ಇಳಿಸುವ ಕಸುಬಿನವರು. 2016ರಲ್ಲಿ, ಅವರ 38ನೇ ವಯಸ್ಸಿನಲ್ಲಿ, ಸರಕು ವಾಹನವೊಂದು ಅವರ ಬೈಕಿಗೆ ಗುದ್ದಿದ್ದರಿಂದ ಬಲಗಾಲಿನ ಮೊಣಕಾಲ ಕೆಳಗಿನ ಎರಡೂ ಮೂಳೆಗಳು ಮುರಿದವು. 1988ರ ಮೋಟಾರು ವಾಹನ ಕಾಯ್ದೆಯ 173ನೇ ಕಲಮಿನಂತೆ ಮೇಲ್ಮನವಿಗೆ 90 ದಿನಗಳ ಅವಕಾಶವಿದೆ. ನಕಲು ಪಡೆಯಲು ಹಿಡಿದ ದಿನಗಳನ್ನು ಇದರಿಂದ ಕಳೆಯಬಹುದಾದರೂ ಅದನ್ನು ನೆಚ್ಚಿ ಕೂರಬಾರದೆಂದು ವಕೀಲರು ಎಚ್ಚರಿಸಿದ್ದಾರೆ. ವಿಳಂಬವನ್ನು ಮನ್ನಿಸಿದಾಗಲೂ ಆ ಅವಧಿಯ ಬಡ್ಡಿಯನ್ನು ನಿರಾಕರಿಸುವುದು ಸಾಮಾನ್ಯವಂತೆ.

24ನೇ ದಿನ

ಲೆಕ್ಕದ ಹಾಳೆ ಸಿದ್ಧವಾಯಿತು. ನ್ಯಾಯಮಂಡಳಿಯು ತಿಂಗಳ ಆದಾಯವನ್ನು 7,000 ರೂಪಾಯಿ ಎಂದು ಊಹಿಸಿ, 36ರಿಂದ 40 ವಯೋಮಾನಕ್ಕೆ ಸುಪ್ರೀಂ ಕೋರ್ಟಿನ ಸರಳಾ ವರ್ಮಾ ತೀರ್ಪು ನಿಗದಿಪಡಿಸಿದ 15ರ ಗುಣಕವನ್ನು (ವರ್ಷದ ಆದಾಯವನ್ನು ಗುಣಿಸುವ ಸಂಖ್ಯೆ) ಹಿಡಿದು, ಅಂಗವೈಕಲ್ಯ ಶೇಕಡಾ 12 ಎಂದು 1,51,200 ರೂಪಾಯಿ ಕೊಟ್ಟಿದೆ. ಗುಣಕದ ಬಗ್ಗೆ ತಕರಾರಿಲ್ಲ. ಆದಾಯದ ದಾಖಲೆ ಇಲ್ಲದಿದ್ದಾಗ 2016ರ ಅಪಘಾತಗಳಿಗೆ ಲೋಕ ಅದಾಲತ್ತಿನಲ್ಲಿ ರಾಜಿಗೆ ಬಳಸುವ ಊಹಾ ಆದಾಯದ ಪಟ್ಟಿಯಂತೆ ತಿಂಗಳಿಗೆ 9,500 ರೂಪಾಯಿಯನ್ನು ನಮ್ಮ ಹೈಕೋರ್ಟ್ ಎಷ್ಟೋ ಪ್ರಕರಣಗಳಲ್ಲಿ ಒಪ್ಪಿದೆಯಾದ್ದರಿಂದ ಅದೂ ದೊಡ್ಡ ಜಗಳವಾಗಲಾರದು. ನಿಜವಾದ ವ್ಯಾಜ್ಯವಿರುವುದು ಆ 12ರ ಮೇಲೆ.

41ನೇ ದಿನ

ಮೂರು ವಾರಗಳಲ್ಲಿ ಹೆಚ್ಚಿನ ಸಮಯ ಹೋದದ್ದು ವೈದ್ಯರ ಸಾಕ್ಷ್ಯವನ್ನು ಓದುವುದಕ್ಕೆ. ಕಾಲಿನ ವೈಕಲ್ಯ ಶೇಕಡಾ 36 ಎಂದು ಅವರು ಹೇಳಿದ್ದು, ವಾಡಿಕೆಯಂತೆ ಅದರ ಮೂರನೇ ಒಂದು ಭಾಗವನ್ನು ಇಡೀ ದೇಹದ ವೈಕಲ್ಯವೆಂದು ತೆಗೆದುಕೊಳ್ಳಲಾಗಿದೆ. ಆದರೆ ರಾಜ್‌ಕುಮಾರ್ ವಿರುದ್ಧ ಅಜಯ್ ಕುಮಾರ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2010ರಲ್ಲೇ ಹೇಳಿದಂತೆ ದೇಹದ ವೈಕಲ್ಯ ಬೇರೆ, ದುಡಿಮೆಯ ನಷ್ಟ ಬೇರೆ. ಎಡಗೈ ಕಳೆದುಕೊಂಡ ಬಡಗಿಯ ನಷ್ಟ ಬಹುತೇಕ ನೂರಕ್ಕೆ ನೂರಾಗಬಹುದು, ಸರ್ಕಾರಿ ಗುಮಾಸ್ತನ ನೌಕರಿಯೇ ಹೋಗದಿರಬಹುದು.

ಕೊನೆಗೌಡರ ಕೆಲಸವನ್ನು ಈ ಕಣ್ಣಿನಿಂದ ನೋಡಬೇಕು. ಮಳೆಗಾಲದಲ್ಲಿ ಕೊಳೆರೋಗಕ್ಕೆ ಬೋರ್ಡೋ ದ್ರಾವಣ ಹೊಡೆಯಲು, ಚಳಿಗಾಲದಲ್ಲಿ ಕೊನೆ ಇಳಿಸಲು, ಕಾಲಿಗೆ ತಳೆ ಎಂಬ ಬಳೆಯಾಕಾರದ ಕಟ್ಟು ಹಾಕಿ ಪಾದಗಳಿಂದ ಮರವನ್ನು ಅವುಚಿ ಹತ್ತಬೇಕು. ತುದಿಯಲ್ಲಿ ಪಕ್ಕದ ಮರವನ್ನು ಎಳೆದುಕೊಂಡು ನೆಲ ಮುಟ್ಟದೆ ದಾಟಬೇಕು. ಮಾವನ ಕಣಕಾಲಿನ ಕೀಲು ಈಗ ಪೂರ್ತಿ ಮಡಚುವುದಿಲ್ಲ. ಪಾಟೀಸವಾಲಿನಲ್ಲಿ ವಿಮಾ ಕಂಪನಿಯ ವಕೀಲರು, ಗಾಯಾಳು ನಡೆಯಬಲ್ಲರು, ಕುಳಿತು ದುಡಿಯಬಲ್ಲರು ಎಂದು ವೈದ್ಯರಿಂದ ಹೇಳಿಸಿದ್ದಾರೆ. ಮರ ಹತ್ತಬಲ್ಲರೇ ಎಂಬ ಪ್ರಶ್ನೆಯನ್ನು ನಮ್ಮ ಕಡೆಯವರೂ ಕೇಳಲಿಲ್ಲ. ಇಡೀ ಕಡತದಲ್ಲಿ ನನ್ನನ್ನು ಅತಿಯಾಗಿ ಕಾಡಿದ್ದು ಈ ಕೇಳದ ಪ್ರಶ್ನೆಯೇ.

52ನೇ ದಿನ

ನೂರಕ್ಕೆ ನೂರು ಕೇಳೋಣವೆಂದು ಮನೆಯಲ್ಲಿ ಒತ್ತಾಯವಿತ್ತು; ನಾನು ಒಪ್ಪಲಿಲ್ಲ. ಮಾವ ಈಗ ಅಡಿಕೆ ಸುಲಿಯಲು ಹೋಗುತ್ತಾರೆ, ಕೂಲಿ ಕಡಿಮೆಯಾದರೂ ಅದು ಆದಾಯವೇ. ಶೇಕಡಾ 40 ಎಂದು ಕೇಳಿದರೆ 9,500ರ ಲೆಕ್ಕದಲ್ಲಿ 6,84,000 ರೂಪಾಯಿಯಾಗುತ್ತದೆ. ಸುಪ್ರೀಂ ಕೋರ್ಟಿನ 2018ರ ಜಗದೀಶ್ ವಿರುದ್ಧ ಮೋಹನ್ ತೀರ್ಪಿನಲ್ಲಿ ತೀವ್ರವಾಗಿ ಗಾಯಗೊಂಡ ಬಡಗಿಗೆ ಭವಿಷ್ಯದ ಆದಾಯ ವೃದ್ಧಿಯನ್ನೂ ಸೇರಿಸಿರುವುದರಿಂದ ಅದನ್ನು ಪ್ರತ್ಯೇಕ ಆಧಾರವಾಗಿ ಬರೆದೆವು, ಆದರೆ ಮಾವನ ಗಾಯ ಅಷ್ಟು ಘೋರವಲ್ಲದ ಕಾರಣ ಅದರ ಮೇಲೆ ನನಗೆ ಹೆಚ್ಚಿನ ಭರವಸೆಯಿಲ್ಲ.

66ನೇ ದಿನ

ತೋಟದ ಯಜಮಾನರೊಬ್ಬರ ಹಳೆಯ ಕೂಲಿ ಪುಸ್ತಕ ಸಿಕ್ಕಿತು. ಯಾವ ದಿನ ಎಷ್ಟು ಮರ ಎಂಬುದು ಮಾವನ ಹೆಸರಿನ ಮುಂದೆ ಸ್ಪಷ್ಟವಾಗಿದೆ. ಹೊಸ ಸಾಕ್ಷ್ಯವನ್ನು ಮೇಲ್ಮನವಿಯಲ್ಲಿ ತರಲು ಪ್ರತ್ಯೇಕ ಅರ್ಜಿ ಬೇಕು, ಮೊದಲೇ ಏಕೆ ಹಾಜರುಪಡಿಸಲಿಲ್ಲವೆಂದು ವಿವರಿಸಬೇಕು. ಅರ್ಜಿ ಒಪ್ಪಿತವಾದರೆ ಪ್ರಕರಣ ಮರಳಿ ನ್ಯಾಯಮಂಡಳಿಗೇ ಹೋಗಿ ವರ್ಷಗಳು ಕಳೆಯುವ ಅಪಾಯವೂ ಇದೆ. ಆದರೂ ಅವರ ಕಸುಬು ಯಾವುದೆಂದು ಬರಹದಲ್ಲಿ ತೋರಿಸುವ ಕಾಗದ ಇದೊಂದೇ ಆದ್ದರಿಂದ ಅರ್ಜಿ ಹಾಕಲು ತೀರ್ಮಾನಿಸಿದೆವು.

79ನೇ ದಿನ

ಹೈಕೋರ್ಟಿನ ಧಾರವಾಡ ಪೀಠದಲ್ಲಿ ಮೇಲ್ಮನವಿ ದಾಖಲಾಯಿತು. ಕಚೇರಿ ಎತ್ತಿದ ಎರಡು ಆಕ್ಷೇಪಣೆಗಳಲ್ಲಿ ಒಂದು ಮಸುಕಾದ ಪುಟದ ಬಗ್ಗೆ, ಇನ್ನೊಂದು ಕೂಲಿ ಪುಸ್ತಕದ ಬೆರಳಚ್ಚು ಪ್ರತಿ ಇಲ್ಲದಿರುವ ಬಗ್ಗೆ. ಯಜಮಾನರ ಮೋಡಿ ಅಕ್ಷರವನ್ನು ಓದಬಲ್ಲವರು ಮಾವನೊಬ್ಬರೇ ಆದ್ದರಿಂದ, ಭಾನುವಾರ ಅವರನ್ನು ಪಕ್ಕದಲ್ಲಿ ಕೂರಿಸಿಕೊಂಡು ಬೆರಳಚ್ಚು ಮಾಡುವವನಿದ್ದೇನೆ.