ಹುಳುಗಣ್ಣಿನ ಝಾಂಬಿ: ಮೋಲ್ಡ್ ಕೊನೆಗೂ ಗಟ್ಟಿಯಾಯಿತು!

ಸಿನಿಮಾ ಝಾಂಬಿಯೊಂದರ ಬಸ್ಟ್ (ತಲೆ, ಕತ್ತಿನ ಪ್ರತಿಮೆ) ಮಾಡುತ್ತಿದ್ದೇನೆ. ಇವತ್ತು ಬೆಳಿಗ್ಗೆ ಅದರ ಸಿಲಿಕೋನ್ ಮೋಲ್ಡ್ (ಅಚ್ಚು) ಬಿಚ್ಚಿದೆ. ಕಣ್ಣಿನ ಗೂಡಿನ ಹತ್ತಿರ ಒಂಚೂರೂ ಅಂಟಿಲ್ಲ. ಹುಳುಗಳ ನಡುವಿನ ಸಣ್ಣ ಸಂದಿಗಳೂ ಚೊಕ್ಕವಾಗಿ ಬಂದಿವೆ. ಖುಷಿಗೆ ಮನೆಯವರನ್ನೆಲ್ಲ ಕರೆದು ತೋರಿಸಿದೆ. ಯಾರೂ ತಿಂಡಿ ಮುಂದುವರಿಸಲಿಲ್ಲ.

ಇಟಲಿಯ ನಿರ್ದೇಶಕ ಲೂಚೊ ಫುಲ್ಚಿಯ ‘ಝಾಂಬಿ 2’ (1979) ಪೋಸ್ಟರ್ ನೋಡಿದವರಿಗೆ ಈ ಮುಖ ಗೊತ್ತೇ ಇರುತ್ತದೆ. ಒಣಗಿ ಬಿರಿದ ಮಣ್ಣಿನ ಚರ್ಮ, ಒಂದು ಕಣ್ಣಿನ ಜಾಗದಲ್ಲಿ ಹುಳುಗಳ ಗೊಂಚಲು. ಆದರೆ ಮುಖ ಯಾರದು ಅಂತ ಕೇಳಿ ನೋಡಿ, ಹೇಳುವವರು ಸಿಗುವುದಿಲ್ಲ. ಅವನು ಒಟ್ಟಾವಿಯಾನೊ ಡೆಲ್‌ಅಕ್ವಾ. 1954ರಲ್ಲಿ ಹುಟ್ಟಿದವನು, ಸರ್ಕಸ್ ಮನೆತನದಿಂದ ಬಂದ ಸ್ಟಂಟ್‌ಮ್ಯಾನ್. ಆಲ್ಬರ್ಟೊ, ಆರ್ನಾಲ್ಡೊ, ರಾಬರ್ಟೊ, ಹೀಗೆ ಅಣ್ಣತಮ್ಮಂದಿರದೂ ಅದೇ ಕಸುಬು. ಬೀಳುವುದು, ಹೊಡೆಸಿಕೊಳ್ಳುವುದು, ಎದ್ದು ಇನ್ನೊಂದು ಟೇಕ್‌ಗೆ ನಿಲ್ಲುವುದು. ನನ್ನ ಬಸ್ಟ್‌ನ ಪೀಠದ ಮೇಲೆ ಸಿನಿಮಾದ ಹೆಸರಿರುವುದಿಲ್ಲ, ಇವನ ಹೆಸರಿರುತ್ತದೆ. ಇಡೀ ಪ್ರಾಜೆಕ್ಟ್ ಶುರುವಾಗಿದ್ದೇ ಅದಕ್ಕೆ.

ಆರ್ಮೇಚರ್ (ಒಳಗಿನ ಆಧಾರದ ಚೌಕಟ್ಟು), ಕ್ಲೇಯ ಮೊದಲ ಆಕಾರ ಎಲ್ಲ ಮಾಮೂಲಿ, ಬಿಟ್ಟುಬಿಡೋಣ. ತಲೆಕೆಡಿಸಿದ್ದು ಸಿಲಿಕೋನ್.

ಮೋಲ್ಡಿಗೆ ಸುರಿಯುವ ಪ್ಲಾಟಿನಮ್ ಸಿಲಿಕೋನ್‌ಗೆ ಗಂಧಕ ಕಂಡರಾಗದು, ತಾಗಿದರೆ ಗಟ್ಟಿಯಾಗುವುದೇ ಇಲ್ಲ. ಅದಕ್ಕೇ ಗಂಧಕ ಇಲ್ಲದ ಕ್ಲೇಯನ್ನೇ ತರಿಸಿದ್ದೆ. ಮೊದಲ ಸಲ ಮೋಲ್ಡ್ ಬಿಚ್ಚಿದರೆ ಕೆನ್ನೆ, ಹಣೆ, ಕತ್ತು ಎಲ್ಲ ಸರಿ. ಕಣ್ಣಿನ ಸುತ್ತ ಮಾತ್ರ ಬೆಲ್ಲದ ಪಾಕದ ಹಾಗೆ ಅಂಟಂಟು. ಹುಳುಗಳೆಲ್ಲ ಕಲಸಿಹೋಗಿದ್ದವು. ಬೆರೆಸಿದ ಸಿಲಿಕೋನ್ ಭಾಗಗಳ ತೂಕ ಹೆಚ್ಚುಕಮ್ಮಿ ಆಗಿದೆಯಾ ಅಂತ ಅಳೆದೆ, ಸರಿಯಾಗೇ ಇತ್ತು. ಲ್ಯಾಟೆಕ್ಸ್ ಗ್ಲೌಸ್‌ನಲ್ಲೂ ಗಂಧಕ ಇರುತ್ತದೆ, ಅದನ್ನು ಮೊದಲಿಂದಲೂ ಬಳಸುವುದಿಲ್ಲ, ನೈಟ್ರೈಲೇ. ಮತ್ತೆ ಸುರಿದೆ, ಅದೇ ಜಾಗ ಅಂಟು.

ಫೋಟೊಗಳನ್ನು ಪಕ್ಕಪಕ್ಕ ಇಟ್ಟು ನೋಡಿದಾಗ ಹೊಳೆಯಿತು. ಅಂಟಿನ ಗಡಿ ಹುಳುಗಳ ಗಡಿಯೇ! ಹುಳು ಹೊಸೆಯುವ ಹೊತ್ತಿಗೆ ಮೊದಲ ಕ್ಲೇ ಖಾಲಿಯಾಗಿತ್ತು. ಅದೇ ಅಂಗಡಿಯಿಂದ, ಅದೇ ಲೇಬಲ್ಲಿನ ಇನ್ನೊಂದು ಕಟ್ಟು ತರಿಸಿದ್ದೆ. ಎರಡರಿಂದಲೂ ಒಂದೊಂದು ಉಂಡೆ ಮಾಡಿ ಮೇಲೆ ಸಿಲಿಕೋನ್ ಹನಿಸಿದೆ. ಹಳೆಯದರ ಮೇಲೆ ಗಟ್ಟಿಯಾಯಿತು, ಹೊಸದರ ಮೇಲೆ ಮರುದಿನವೂ ಜಿಗುಟು. ಅಂಗಡಿಗೆ ಫೋನ್ ಮಾಡಿದರೆ, “ಎಲ್ರೂ ಇದನ್ನೇ ತಗೊಂಡು ಹೋಗ್ತಾರೆ ಸಾರ್, ಯಾರೂ ಕಂಪ್ಲೇಂಟ್ ಮಾಡಿಲ್ಲ.” ದುಡ್ಡು ವಾಪಸ್ ಮಾತೇ ಇಲ್ಲ. ಲೇಬಲ್ ನಂಬಬೇಡಿ, ಪ್ರತಿ ಕಟ್ಟಿಗೂ ಒಂದು ಹನಿ ಹಾಕಿ ನೋಡಿ.

ಗಂಧಕ ತಡೆಯಲು ಕ್ಲೇ ಮೇಲೆ ಆಕ್ರಿಲಿಕ್ ಕ್ಲಿಯರ್ (ಪಾರದರ್ಶಕ ಲೇಪ) ಹೊಡೆದೆ. ದಪ್ಪ ಹೊಡೆದರೆ ಹುಳುಗಳ ಉಂಗುರದ ಗೆರೆ ಮುಚ್ಚುತ್ತದೆ, ತೆಳು ಹೊಡೆದರೆ ಗಂಧಕ ನುಸುಳುತ್ತದೆ. ಕೊನೆಗೆ ಟಿನ್ ಸಿಲಿಕೋನ್ ಅನ್ನುವ ಇನ್ನೊಂದು ಬಗೆಗೆ ಹೋದೆ. ಅದಕ್ಕೆ ಗಂಧಕದ ತಕರಾರಿಲ್ಲ, ಆದರೆ ದಿನ ಕಳೆದಂತೆ ಕುಗ್ಗುತ್ತದೆ. ಹಾಗಾಗಿ ಅದರಲ್ಲಿ ಬೇಗ ಒಂದೇ ಒಂದು ರೆಸಿನ್ ಕಾಪಿ ತೆಗೆದು, ಅದನ್ನೇ ಮಾಸ್ಟರ್ (ಕ್ಲೇಯ ಬದಲಿಗೆ ಮೋಲ್ಡ್ ತೆಗೆಯುವ ಮೂಲ ಮಾದರಿ) ಮಾಡಿಕೊಂಡೆ. ಟಿನ್ನಿನ ಶೇಷ ಮೇಲ್ಮೈಯಲ್ಲಿ ಉಳಿದರೆ ಪ್ಲಾಟಿನಮ್ ಮತ್ತೆ ಕೈಕೊಡುತ್ತದೆ. ಅದಕ್ಕೆ ಚೆನ್ನಾಗಿ ತೊಳೆದು, ಪ್ರೈಮರ್ ಹೊಡೆದು, ಮೂಲೆಯಲ್ಲಿ ಹನಿ ಪರೀಕ್ಷೆ ಮಾಡಿ, ಆಮೇಲೆ ಸುರಿದೆ. ಇವತ್ತು ಬಿಚ್ಚಿದ್ದು ಅದನ್ನೇ.

ಇಷ್ಟು ದಿನ ಕಾಯುವಾಗ ಸ್ಮಶಾನದ ಆ ದೃಶ್ಯವನ್ನು ಮತ್ತೆಮತ್ತೆ ನೋಡಿದೆ. ಮಣ್ಣು ಅಲುಗುತ್ತದೆ, ತಲೆ ಮೇಲೇಳುತ್ತದೆ. ಜನೆಟ್ಟೊ ಡಿ ರೋಸ್ಸಿ ಮಾಡಿದ ಮೇಕಪ್ ಎಷ್ಟು ದಪ್ಪ ಅಂದರೆ ಮುಖದಲ್ಲಿ ಒಂದು ಗೆರೆಯೂ ಕದಲುವುದಿಲ್ಲ. ಆದರೂ ಹೆದರಿಕೆಯಾಗುತ್ತದೆ, ಅಲ್ವಾ? ಕತ್ತು ನೋಡಿ. ಅವಸರವೇ ಇಲ್ಲ. ಭುಜ ತಡೆಹಿಡಿದು, ತಲೆಯನ್ನು ಇಷ್ಟಿಷ್ಟೇ ಎತ್ತುತ್ತಾನೆ. ಮೈಮೇಲೆ ಹಿಡಿತ ಇದ್ದವನಿಗೆ ಮಾತ್ರ ಬರುವ ನಿಧಾನ ಅದು. ಎಲ್ಲರೂ ಮೇಕಪ್ ಹೊಗಳುತ್ತಾರೆ. ನನ್ನ ಪ್ರಕಾರ ಅರ್ಧ ಕೆಲಸ ಆ ಕತ್ತಿನದು. ಅದಕ್ಕೇ ಮಾಸ್ಟರ್‌ನಲ್ಲಿ ಕತ್ತಿನ ನರಗಳನ್ನು ಪುಟ್ಟಿಯಿಂದ ಮತ್ತೆ ಎಬ್ಬಿಸಿದೆ, ಗದ್ದ ತುಸು ಮೇಲೆತ್ತಿದೆ.

ಅವನ ಕೆಲಸ ಇದೊಂದೇ ಅಲ್ಲ. ನಿರ್ದೇಶಕ ಬ್ರೂನೊ ಮತ್ತೈಯ ‘ರ‍್ಯಾಟ್ಸ್’ (1984) ಸಿನಿಮಾದಲ್ಲಿ ಬೈಕ್ ಗ್ಯಾಂಗಿನ ಮುಖಂಡ ಕರ್ಟ್ ಅವನೇ. ಫಿಲಿಪ್ಪೀನ್ಸ್‌ನಲ್ಲಿ ಚಿತ್ರೀಕರಣವಾದ ‘ಝಾಂಬಿ 3’ರಲ್ಲಿ (1988) ಝಾಂಬಿಗಳ ವಿರುದ್ಧ ಬಂದೂಕು ಹಿಡಿದ ಸೈನಿಕ. ಎರಡರಲ್ಲೂ ಟೈಟಲ್ ಕಾರ್ಡಿನಲ್ಲಿ ‘ರಿಚರ್ಡ್ ರೇಮಂಡ್’. ಹೊರದೇಶದಲ್ಲಿ ಸಿನಿಮಾ ಮಾರಲು ಆಗ ಇಟಲಿಯವರು ಅಮೆರಿಕನ್ ಹೆಸರು ಇಟ್ಟುಕೊಳ್ಳುತ್ತಿದ್ದರು. ಅಣ್ಣ ಆಲ್ಬರ್ಟೊ ಕೂಡ ವೆಸ್ಟರ್ನ್‌ (ಕೌಬಾಯ್) ಸಿನಿಮಾಗಳಲ್ಲಿ ‘ರಾಬರ್ಟ್ ವಿಡ್‌ಮಾರ್ಕ್’. ಮುಖ ಮಣ್ಣಿನಡಿ, ಹೆಸರು ಬೇರೆಯವರದು. ನನಗಂತೂ ಹೊಟ್ಟೆ ಉರಿಯುತ್ತದೆ.

ಆಲ್ಬರ್ಟೊ ಅಂದಕೂಡಲೇ ಮುಂದಿನ ಪ್ರಾಜೆಕ್ಟ್ ನೆನಪಾಯಿತು. 1/12 ಅಳತೆಯಲ್ಲಿ ಕೌಬಾಯ್ ಸಿನಿಮಾಗಳ ಸಲೂನ್ (ಹೆಂಡದಂಗಡಿ) ಹೊಡೆದಾಟ, ಅಣ್ಣತಮ್ಮಂದಿರು ಮೇಜಿನ ಮೇಲಿಂದ ಹಾರುತ್ತಿರಬೇಕು. ಮುರಿಯುವ ಕುರ್ಚಿಗೆ ಸೆಟ್ಟಿನಲ್ಲಿ ಬಳಸುವ ಹಗುರವಾದ ಬಾಲ್ಸಾ ಮರವನ್ನೇ ತರುತ್ತೇನೆ. ಒಳ್ಳೆಯ ಬಾಲ್ಸಾ ಹಾಳೆ ಸಿಗುವ ಅಂಗಡಿ ಗೊತ್ತಿದ್ದರೆ ಹೇಳಿ. ಹೋದ ಸಲ ಬಂದಿದ್ದೆಲ್ಲ ಸೊಟ್ಟ.

ಈ ಹೊಸ ಮೋಲ್ಡಿನಲ್ಲಿ ಮೊದಲ ರೆಸಿನ್ ಕಾಪಿ ನಾಳೆ ಸುರಿಯುತ್ತೇನೆ. ಆಮೇಲೆ ಬಣ್ಣ. ಹುಳುಗಳಿಗೆ ಕೊನೆಯಲ್ಲಿ ಹೊಳಪಿನ ವಾರ್ನಿಶ್, ಉಳಿದ ಮುಖವೆಲ್ಲ ಹೊಳಪಿಲ್ಲದ ಮ್ಯಾಟ್.