ಚೌಕಾಬಾರ ಆಡುತ್ತಾ ಕುಡಿಯುವುದಾದರೆ ಲೆಕ್ಕ ಹೀಗಿರಲಿ

ಮನೆಯಾಟವನ್ನು ಕುಡಿಯುವ ಆಟ ಮಾಡಲು ಹೊರಟವರು ಮೊದಲು ಹಾಕಿಕೊಳ್ಳುವ ನಿಯಮ ಸಾಮಾನ್ಯವಾಗಿ ಒಂದೇ: ಕಾಯಿ ಹೊಡೆಸಿಕೊಂಡವರು ಒಂದು ಪೆಗ್ ಎತ್ತಬೇಕು. ಚೆಸ್‌ನಲ್ಲಿ ಇದು ಹೇಗೋ ನಡೆದುಹೋಗುತ್ತದೆ. ಅಲ್ಲಿ ಹೊಡೆದ ಕಾಯಿ ಹಲಗೆ ಬಿಟ್ಟು ಆಚೆ ಹೋಗುತ್ತದೆ, ರಾಜನನ್ನು ಬಿಟ್ಟರೆ ಒಬ್ಬರಿಗೆ 15 ಕಾಯಿ, ಅಷ್ಟಕ್ಕೇ ಮುಗಿಯಿತು. ಕವಡೆ ಎಸೆದು ಕಾಯಿ ನಡೆಸುವ ಚೌಕಾಬಾರದಲ್ಲಿ ಹೊಡೆಸಿಕೊಂಡ ಕಾಯಿ ಸಾಯುವುದಿಲ್ಲ. ತನ್ನ ಮನೆಗೆ ವಾಪಸ್ ಬಂದು ಮತ್ತೆ ಹೊರಡುತ್ತದೆ. ಅದೇ ಕಾಯಿ ಒಂದೇ ಆಟದಲ್ಲಿ ಮೂರು ಸಲ ಹೊಡೆಸಿಕೊಳ್ಳಬಹುದು, ಆಟವೂ ಅಷ್ಟು ಉದ್ದವಾಗುತ್ತದೆ. ಅಂದರೆ ಹೊಡೆತ ಹೆಚ್ಚಾದಷ್ಟೂ ಆಟ ಲಂಬಿಸುತ್ತದೆ, ಆಟ ಲಂಬಿಸಿದಷ್ಟೂ ಕುಡಿತ ಹೆಚ್ಚುತ್ತದೆ. ಈ ಆಟದೊಳಗೆ ಕುಡಿತಕ್ಕೆ ತಾನಾಗಿ ಬೀಳುವ ಕಡಿವಾಣ ಇಲ್ಲ. ಅದನ್ನು ಹೊರಗಿನಿಂದ ನಾವೇ ಹಾಕಬೇಕು. ಈ ಬರಹ ಪೂರ್ತಿ ಅದರ ಬಗ್ಗೆಯೇ.

ಹಾವು ಏಣಿಯನ್ನೂ ಹೀಗೆ ಆಡಬಹುದು, ಆದರೆ ಅದರಲ್ಲಿ ಆಡುವವರು ತೀರ್ಮಾನಿಸುವುದೇನೂ ಇಲ್ಲ. ದಾಳ ಬಿದ್ದಲ್ಲಿಗೆ ಹೋಗುವುದಷ್ಟೇ. ಚೌಕಾಬಾರದಲ್ಲಿ ಯಾವ ಕಾಯಿ ನಡೆಸಬೇಕು, ಯಾರನ್ನು ಹೊಡೆಯಬೇಕು, ಯಾವಾಗ ಹೊಡೆತ ಬೀಳದ ಕಟ್ಟೆಯ ಮೇಲೆ ಕೂತು ಕಾಯಬೇಕು ಅನ್ನುವುದೆಲ್ಲ ನಿಮ್ಮ ಕೈಲಿದೆ. ಗೆಳೆಯರ ನಡುವೆ ಮಾತು ಹುಟ್ಟುವುದು ಅಲ್ಲಿ. ಅದಕ್ಕೇ ಕೂಟಕ್ಕೆ ಇದೇ ಸರಿ.

ಮೊದಲು ಆಟದ ಉದ್ದ ಎಷ್ಟು ಅಂತ ನೋಡಿ. 5×5 ಹಲಗೆ, 25 ಮನೆ. ಹೊರಸುತ್ತಿನಲ್ಲಿ 16, ಒಳಸುತ್ತಿನಲ್ಲಿ 8, ನಡುವೆ ಕಾಯಿ ಹಣ್ಣಾಗುವ, ಅಂದರೆ ಗುರಿ ಮುಟ್ಟುವ, ಒಂದು. ಪ್ರತಿ ಬದಿಯ ನಡುಮನೆಯಲ್ಲಿ ಕಾಟು (× ಗುರುತು) ಹಾಕಿರುತ್ತದೆ. ಅದು ಆ ಬದಿಯವರ ಮನೆಯೂ ಹೌದು, ಎಲ್ಲರಿಗೂ ಕಟ್ಟೆಯೂ ಹೌದು, ಅಲ್ಲಿ ಹೊಡೆಯುವಂತಿಲ್ಲ. ನಿಮ್ಮ ಮನೆಯಿಂದ ಹೊರಟು ಬಲಗಡೆಗೆ ಹೊರಸುತ್ತನ್ನು ಸುತ್ತಿ, ಮನೆಯ ಎಡಪಕ್ಕದ ಮನೆ ಮುಟ್ಟಲು 15 ಹೆಜ್ಜೆ. ಅಲ್ಲಿಂದ ಒಳಗೆ ತಿರುಗಿ 8, ಕೊನೆಗೆ ನಡುವಿಗೆ 1. ಒಂದು ಕಾಯಿ ಹಣ್ಣಾಗಲು 24 ಹೆಜ್ಜೆ, ನಾಲ್ಕು ಕಾಯಿಗೆ 96.

ಇನ್ನು ಗರ, ಅಂದರೆ ಕವಡೆ ಎಸೆದಾಗ ಬೀಳುವ ಲೆಕ್ಕ. ನಾಲ್ಕು ಕವಡೆಯಲ್ಲಿ ಬಾಯಿ ಮೇಲಾದಷ್ಟು ಲೆಕ್ಕ. ನಾಲ್ಕೂ ಮೇಲಾದರೆ ಚೌಕ, ನಾಲ್ಕೂ ಮಗುಚಿದರೆ ಬಾರ, ಅಂದರೆ 8. ಕವಡೆ ಎರಡೂ ಕಡೆಗೆ ಸಮನಾಗಿ ಬೀಳುತ್ತದೆ ಅಂತಿಟ್ಟುಕೊಂಡರೆ 16 ಎಸೆತಕ್ಕೆ ಒಂದು ಚೌಕ, ಒಂದು ಬಾರ, 4 ಸಲ ಒಂದು, 6 ಸಲ ಎರಡು, 4 ಸಲ ಮೂರು. ಸರಾಸರಿ ಗರ 2.5. ಚೌಕ, ಬಾರಕ್ಕೆ ಮತ್ತೊಂದು ಎಸೆತ ಇರುವುದರಿಂದ ಒಂದು ಸರದಿಗೆ ಸುಮಾರು 2.86 ಹೆಜ್ಜೆ. 96 ಹೆಜ್ಜೆಗೆ ಏನಿಲ್ಲವೆಂದರೂ 34 ಸರದಿ. ಹೊಡೆತ ಬಿದ್ದು ವಾಪಸ್ ಹೋಗುವುದು, ನಡುವಿಗೆ ಸರಿಯಾದ ಗರಕ್ಕೆ ಕಾಯುವುದು ಎಲ್ಲ ಸೇರಿಸಿದರೆ ಗೆದ್ದವರಿಗೆ 40 ಸರದಿ ಅಂತ ಇಟ್ಟುಕೊಳ್ಳಿ. ನಾಲ್ಕು ಜನರಿಗೆ 160 ಸರದಿ. ಒಂದಕ್ಕೆ 25 ಸೆಕೆಂಡ್ ಅಂದರೆ ಒಂದು ಗಂಟೆ ದಾಟುತ್ತದೆ.

ಈಗ ‘ಪ್ರತಿ ಎಸೆತಕ್ಕೆ ಒಂದು ಗುಟುಕು’ ಅನ್ನುವ ನಿಯಮ ಹಾಕಿದರೆ ಏನಾಗುತ್ತದೆ ಅಂತ ಗೊತ್ತಾಯಿತಲ್ಲ. ಒಬ್ಬೊಬ್ಬರಿಗೂ 45ಕ್ಕೆ ಹತ್ತಿರ ಗುಟುಕು. ಯಾವ ಪೇಯವಾದರೂ ಅದು ಜಾಸ್ತಿ, ನೀರಾದರೂ ಜಾಸ್ತಿಯೇ. ಗುಟುಕು ಅಪರೂಪದ ಗರಕ್ಕೆ, ಅಪರೂಪದ ಘಟನೆಗೆ ಮಾತ್ರ ಅಂಟಿಕೊಂಡಿರಬೇಕು.

ಗುಟುಕು ಅಂದರೆ ಎಷ್ಟು ಅನ್ನುವುದನ್ನೂ ಗಟ್ಟಿ ಮಾಡಿಕೊಳ್ಳಿ. ನಮ್ಮಲ್ಲಿ ಸಿಗುವ ವಿಸ್ಕಿ, ರಮ್ ಬಾಟಲಿಗಳ ಮೇಲೆ 42.8% ಅಂತ ಬರೆದಿರುತ್ತದೆ. ಒಂದು ಸ್ಮಾಲ್, ಅಂದರೆ 30 ಮಿಲಿಯಲ್ಲಿ ಇರುವ ಮದ್ಯಸಾರ ಸುಮಾರು 10 ಗ್ರಾಂ. ನೈಂಟಿಯಲ್ಲಿ (90 ಮಿಲಿ) 30 ಗ್ರಾಂ, ಕ್ವಾರ್ಟರಿನಲ್ಲಿ (180 ಮಿಲಿ) 60 ಗ್ರಾಂ. ದೇಹ ಒಂದು ಗಂಟೆಯಲ್ಲಿ ಕರಗಿಸುವುದು ಹೆಚ್ಚುಕಡಿಮೆ ಒಂದು ಸ್ಮಾಲಿನಷ್ಟು, ಕೆಲವರಲ್ಲಿ ಅದಕ್ಕಿಂತ ಕಡಿಮೆ. ಅದಕ್ಕೆ ಇಲ್ಲಿನ ಅಳತೆ ಹೀಗೆ: ಒಬ್ಬೊಬ್ಬರಿಗೆ 600 ಮಿಲಿಯ ಒಂದು ಬಾಟಲಿ, ಅದರಲ್ಲಿ 60 ಮಿಲಿ ವಿಸ್ಕಿ, 540 ಮಿಲಿ ನೀರು. ಗುಟುಕಿಗೆ 30 ಮಿಲಿ. ಒಂದು ಬಾಟಲಿಗೆ 20 ಗುಟುಕು, ಒಂದು ಗುಟುಕಿಗೆ ಒಂದು ಗ್ರಾಂ. ಎಷ್ಟು ಗುಟುಕಾಯಿತು ಅಂತ ನೆನಪಿದ್ದರೆ ಎಷ್ಟು ಗ್ರಾಂ ಆಯಿತು ಅಂತಲೂ ಗೊತ್ತು. ಬಾಟಲಿಯ ಬಾಯಿಗೆ ಬಾಯಿಟ್ಟು ಕುಡಿದರೆ ಈ ಲೆಕ್ಕ ಅರ್ಧ ಗಂಟೆಯಲ್ಲಿ ಹಾಳಾಗುತ್ತದೆ. ಒಂದು ಬದಿ 30, ಇನ್ನೊಂದು ಬದಿ 60 ಇರುವ ಸ್ಟೀಲಿನ ಪೆಗ್ ಅಳತೆ ಸಿಗುತ್ತದೆ, ಅದರಲ್ಲೇ ಸುರಿದು ಕುಡಿಯಿರಿ. ಸೋಡಾ ಬೇಡ. ಗಂಟೆ ಕಳೆಯುವಷ್ಟರಲ್ಲಿ ಗ್ಯಾಸ್ ಹೋಗಿ ಸಪ್ಪೆಯಾಗುತ್ತದೆ, ಗ್ಯಾಸ್ ಇರುವಾಗ ಮದ್ಯ ಬೇಗ ಏರುತ್ತದೆ.

ಬಿಯರ್ ಕುಡಿಯುವವರು ‘ನಮ್ಮದು ಹಗುರ’ ಅಂದುಕೊಳ್ಳುತ್ತಾರೆ. 650 ಮಿಲಿಯ 8% ಸ್ಟ್ರಾಂಗ್ ಬಾಟಲಿಯಲ್ಲಿ 41 ಗ್ರಾಂ ಇದೆ, ನಾಲ್ಕು ಸ್ಮಾಲ್ ಆಯಿತು. ಆದ್ದರಿಂದ ಒಂದು ಬಾಟಲಿಯನ್ನು ಇಬ್ಬರು ಹಂಚಿಕೊಳ್ಳಬೇಕು, ಗುಟುಕಿಗೆ 15 ಮಿಲಿ.

ಬಾಟಲಿ ಮುಗಿದರೆ ಮುಗಿಯಿತು. ಮುಂದೆ ಆ ಬಾಟಲಿಗೆ ಮಜ್ಜಿಗೆ ತುಂಬುವುದು, ಆಟ ಅದೇ ನಿಯಮದಲ್ಲಿ ನಡೆಯುವುದು. ಇದೊಂದೇ ನಿಯಮವನ್ನು ಬಿಡಬೇಡಿ, ಉಳಿದದ್ದನ್ನು ಹೇಗೆ ಬೇಕಾದರೂ ಬದಲಿಸಿಕೊಳ್ಳಿ.

ಗುಟುಕಿನ ನಿಯಮಗಳಿಗೆ ಬರೋಣ. ಚೌಕ ಬಿದ್ದರೆ ಎಸೆದವರು ಒಬ್ಬರ ಹೆಸರು ಹೇಳುತ್ತಾರೆ, ಅವರಿಗೆ ಒಂದು ಗುಟುಕು. ಬಾರ ಬಿದ್ದರೆ ಎಸೆದವರೇ ಕುಡಿಯಬೇಕು. ಎಂಟು ಹೆಜ್ಜೆಯೂ ಸಿಕ್ಕಿತು, ಮತ್ತೊಂದು ಎಸೆತವೂ ಸಿಕ್ಕಿತು, ಅದಕ್ಕೆ ತೆರುವ ಬೆಲೆ ಇದು. ಹೊಡೆತ ಬಿದ್ದರೆ ಹೊಡೆದವರು, ಹೊಡೆಸಿಕೊಂಡವರು ಇಬ್ಬರೂ ಒಂದೊಂದು. ಕಾಯಿ ಹಣ್ಣಾದರೆ ಅದರ ಒಡೆಯರಿಗೆ ಒಂದು. ಲೆಕ್ಕ ಹಾಕಿ: ಒಬ್ಬರಿಗೆ ಒಂದು ಆಟದಲ್ಲಿ ಚೌಕದಿಂದ ಸುಮಾರು 3, ಬಾರದಿಂದ 3, ಹಣ್ಣಿನಿಂದ ಹೆಚ್ಚೆಂದರೆ 4, ಹೊಡೆತದಿಂದ ನಾಲ್ಕೈದು. ಒಟ್ಟು 15ರ ಆಸುಪಾಸು. ಒಂದು ಗಂಟೆಯ ಮೇಲಿನ ಆಟಕ್ಕೆ ಒಂದೂವರೆ ಸ್ಮಾಲ್. ಬಾಟಲಿಯಲ್ಲಿ ಇನ್ನೂ ಐದು ಗುಟುಕು ಉಳಿದಿರುತ್ತದೆ.

ಬಾರಕ್ಕೆ ಎಲ್ಲರೂ ಕುಡಿಯುವುದು ಅಂತ ಮಾಡುವವರಿದ್ದಾರೆ, ಕೇಳಲು ಸೊಗಸು. ನಾಲ್ಕು ಜನರ ಆಟದಲ್ಲಿ ಸರಾಸರಿ 11 ಸಲ ಬಾರ ಬೀಳುತ್ತದೆ, ಅಷ್ಟಕ್ಕೇ ಬಾಟಲಿಯ ಅರ್ಧಕ್ಕಿಂತ ಹೆಚ್ಚು ಖಾಲಿ. ಅದಕ್ಕಿಂತ ಕೆಟ್ಟದ್ದು ಎಣಿಕೆ ತಪ್ಪಿದವರಿಗೆ ಗುಟುಕು ಹಾಕುವ ನಿಯಮ. ಹೆಚ್ಚು ಕುಡಿದವರೇ ಹೆಚ್ಚು ತಪ್ಪುತ್ತಾರೆ, ತಪ್ಪಿದ್ದಕ್ಕೆ ಮತ್ತೆ ಕುಡಿಯುತ್ತಾರೆ, ಒಬ್ಬರೇ ಸುಳಿಗೆ ಸಿಕ್ಕಂತೆ ಮುಳುಗುತ್ತಾರೆ. ಎಣಿಕೆ ತಪ್ಪಿದರೆ ಕಾಯಿ ಇದ್ದಲ್ಲೇ ಇರಲಿ, ಸರದಿ ಹೋಗಲಿ. ಸೋಲುತ್ತಿರುವವರಿಗೆ ಕುಡಿಸುವುದಕ್ಕಿಂತ ಗೆಲ್ಲುತ್ತಿರುವವರಿಗೆ ಕುಡಿಸುವುದು ಯಾವಾಗಲೂ ಒಳ್ಳೆಯ ಆಟ ಕೊಡುತ್ತದೆ.

ಕವಡೆಯ ವಿಷಯ ಜನ ಗಮನಿಸುವುದೇ ಇಲ್ಲ. ನಿಜವಾದ ಕವಡೆ ಎರಡೂ ಕಡೆಗೆ ಸಮನಾಗಿ ಬೀಳುವುದು ಅಪರೂಪ. ಬಾಯಿ ಮೇಲಾಗುವುದು ನೂರಕ್ಕೆ 50ರ ಬದಲು 40 ಅಂತಾದರೆ ಬಾರ ಸುಮಾರು 13% ಎಸೆತಗಳಲ್ಲಿ ಬೀಳುತ್ತದೆ, ಚೌಕ 2.6% ಮಾತ್ರ. ಒಂದು ಇನ್ನೊಂದರ ಐದು ಪಟ್ಟು! ಗುಟುಕಿನ ಲೆಕ್ಕ ಪೂರ್ತಿ ಬದಲಾಯಿತು. ಗ್ರಂಥಿಗೆ ಅಂಗಡಿಯಲ್ಲಿ ನಾಲ್ಕು ಕೇಳುವ ಬದಲು ಹತ್ತು ಹನ್ನೆರಡು ತನ್ನಿ. ಒಂದೊಂದನ್ನೂ ಜಮಖಾನದ ಮೇಲೆ 50 ಸಲ ಎಸೆದು ಬಾಯಿ ಮೇಲಾದಾಗಲೆಲ್ಲ ಗೀಟು ಹಾಕಿ, 25ಕ್ಕೆ ಹತ್ತಿರ ಬಂದ ನಾಲ್ಕನ್ನು ಆರಿಸಿ. ಕಲ್ಲಿನ ಮೇಲೆ, ಸ್ಟೀಲ್ ತಟ್ಟೆಯ ಮೇಲೆ ಎಸೆಯಬೇಡಿ, ಕುಪ್ಪಳಿಸಿ ಗ್ಲಾಸಿನ ಕೆಳಗೆ ಸೇರುತ್ತವೆ. ಹುಣಸೆ ಬೀಜವನ್ನು ಎರಡು ಹೋಳು ಮಾಡಿ ತೇಯ್ದು ಆಡುವುದೂ ಉಂಟು, ಆದರೆ ಒದ್ದೆ ಕೈಯಲ್ಲಿ ಅವು ಒಂದಕ್ಕೊಂದು ಅಂಟುತ್ತವೆ, ಕುಡಿಯುವ ಕೂಟಕ್ಕೆ ಕವಡೆಯೇ ವಾಸಿ.

ಕಡಪ ಕಲ್ಲಿನ ನೆಲದ ಮೇಲೆ ಸೀಮೆಸುಣ್ಣದಲ್ಲಿ ಬರೆದ ಹಲಗೆ ನೋಡಲು ಚೆಂದ, ಒಂದು ಬಾಟಲಿ ಉರುಳಿದರೆ ಅಳಿಸಿಹೋಗುತ್ತದೆ. ಪ್ಲೈವುಡ್ ತುಂಡು ತಂದು 8 ಸೆಂಟಿಮೀಟರಿನ ಮನೆಗಳನ್ನು ಆಯಿಲ್ ಪೇಂಟಿನಲ್ಲಿ ಬರೆಯಿರಿ. 40 ಸೆಂಟಿಮೀಟರ್ ಚೌಕ, ಸುತ್ತ ಎರಡು ಬೆರಳು ಅಂಚು. ಕಾಯಿಗೆ ಬಿಯರ್ ಬಾಟಲಿಯ ಮುಚ್ಚಳ, 16 ಬೇಕು, ನಾಲ್ಕು ಬಣ್ಣ. ಒಂದು ಮುಚ್ಚಳ ಸುಮಾರು ಮೂರು ಸೆಂಟಿಮೀಟರ್ ಅಗಲ, ಒಂದು ಮನೆಯಲ್ಲಿ ನಾಲ್ಕು ಕೂರುತ್ತವೆ. ಚಿಕ್ಕ ಗ್ಲಾಸುಗಳನ್ನೇ ಕಾಯಿ ಮಾಡುವ ಉಪಾಯ ಬೇಡ: 16 ಗ್ಲಾಸಿಗೆ 30 ಮಿಲಿಯಂತೆ 480 ಮಿಲಿ ಹಲಗೆಯ ಮೇಲೇ ಇರುತ್ತದೆ, ಮನೆಗೆ ವಾಪಸ್ ಹೋದ ಕಾಯಿಗೆ ಪ್ರತಿ ಸಲ ಮತ್ತೆ ತುಂಬಬೇಕು. ಹೊರಸುತ್ತು ಬಲಗಡೆಗೆ, ಒಳಸುತ್ತು ಅದಕ್ಕೆ ಎದುರು ದಿಕ್ಕಿಗೆ. ಎರಡನೇ ಅರ್ಧದಲ್ಲಿ ಜಗಳ ಹುಟ್ಟುವುದು ಬಹುಪಾಲು ಈ ತಿರುವಿನಲ್ಲೇ. ಒಳಗೆ ಹೋಗುವ ನಾಲ್ಕು ಜಾಗದಲ್ಲೂ ಬಾಣದ ಗುರುತು ಬರೆದುಬಿಡಿ. ಒಬ್ಬರನ್ನಾದರೂ ಹೊಡೆಯದೆ ಒಳಗೆ ಹೋಗುವಂತಿಲ್ಲ ಅನ್ನುವುದನ್ನು ಉಳಿಸಿಕೊಳ್ಳಿ, ಆಟಕ್ಕೆ ಖಾರ ಬರುವುದು ಅದರಿಂದ. ಎರಡು ಕಾಯಿ ಜೋಡಿಸಿ ಗಟ್ಟಿ ಕಟ್ಟುವ ನಿಯಮವನ್ನು ಮಾತ್ರ ಈ ಕೂಟಕ್ಕೆ ಬಿಟ್ಟುಬಿಡಿ. ಜೋಡಿ ಕಾಯಿ ಯಾವ ಗರಕ್ಕೆ ಎಷ್ಟು ನಡೆಯುತ್ತದೆ ಅನ್ನುವುದು ಒಂದೊಂದು ಮನೆಯಲ್ಲಿ ಒಂದೊಂದು ಥರ, ಆ ವಾದ ಹತ್ತನೇ ಗುಟುಕಿನ ಮೇಲೆ ತೀರುವಂಥದ್ದಲ್ಲ. 7×7 ಹಲಗೆಯೂ ಬೇಡ. ಅಲ್ಲಿ ಒಂದು ಕಾಯಿಗೆ 48 ಹೆಜ್ಜೆ, ಎಲ್ಲವೂ ಎರಡರಷ್ಟು.

ತಿನ್ನುವುದು ಮೊದಲು, ಆಟ ಆಮೇಲೆ. ದಾವಣಗೆರೆಯಲ್ಲಿ ಕೂಟ ಅಂದರೆ ಮಂಡಕ್ಕಿ, ಮಿರ್ಚಿ ಬಂದೇ ಬರುತ್ತದೆ, ಬರಲೂ ಬೇಕು. ನರ್ಗಿಸ್ ಮಂಡಕ್ಕಿ ಮುಂದಿದ್ದರೆ ಕೈ ಸುಮ್ಮನಿರುವುದಿಲ್ಲ. ಆದರೆ ಮಂಡಕ್ಕಿ ಹೊಟ್ಟೆ ತುಂಬಿಸುವುದಿಲ್ಲ, ಉಪ್ಪು ಖಾರಕ್ಕೆ ಬಾಯಾರಿ ಕೈ ಬಾಟಲಿಗೇ ಹೋಗುತ್ತದೆ. ರೊಟ್ಟಿ ಪಲ್ಯವೋ ಅನ್ನ ಸಾರೋ ಸರಿಯಾಗಿ ಉಂಡು ಕೂರಿ. ಹೊಟ್ಟೆಯಲ್ಲಿ ಊಟ ಇದ್ದರೆ ಮದ್ಯ ರಕ್ತಕ್ಕೆ ಸೇರುವುದು ನಿಧಾನವಾಗುತ್ತದೆ. ಖಾಲಿ ಹೊಟ್ಟೆಯಲ್ಲೂ ಕುಡಿದದ್ದು ಪೂರ್ತಿ ತಲೆಗೇರಲು ಅರ್ಧ ಗಂಟೆಯಿಂದ ಒಂದು ಗಂಟೆ ಹಿಡಿಯುತ್ತದೆ. ‘ಇನ್ನೂ ಏನೂ ಆಗಿಲ್ಲ’ ಅನ್ನಿಸುವ ಆ ಹೊತ್ತಿನಲ್ಲೇ ಎಡವಟ್ಟು ಆಗುವುದು. ಪ್ರತಿಯೊಬ್ಬರ ಪಕ್ಕದಲ್ಲೂ ನೀರಿನ ಚೊಂಬು ಬೇರೆಯೇ ಇರಲಿ, ಏಪ್ರಿಲ್ ಸೆಕೆಯಲ್ಲಂತೂ ಖಂಡಿತ. ಮಿರ್ಚಿಯ ಎಣ್ಣೆ ಒರೆಸಲು ಹಳೆ ಬಟ್ಟೆ ಇಡಿ. ಚಿತ್ರದುರ್ಗದಲ್ಲಿ ಮಾಳಿಗೆ ಮೇಲೆ ಆಡುವವರು ಇನ್ನೊಂದು ನೋಡಿಕೊಳ್ಳಬೇಕು: ಜೋಗಿಮಟ್ಟಿ ಗುಡ್ಡಗಳಲ್ಲಿ ಗಾಳಿಯಂತ್ರಗಳು ನಿಂತಿರುವುದು ಸುಮ್ಮನೆ ಅಲ್ಲ. ಮಂಡಕ್ಕಿಯನ್ನು ಪೇಪರಿನ ಮೇಲೆ ಹರಡಿದರೆ ಹಾರಿಹೋಗುತ್ತದೆ, ಆಳದ ಪಾತ್ರೆಯಲ್ಲಿಡಿ.

ಕುಡಿಯದ ಒಬ್ಬರು ಇರಲೇಬೇಕು. ಅವರ ಬಾಟಲಿಗೆ ಮೊದಲಿಂದಲೇ ಮಜ್ಜಿಗೆಯೋ ನಿಂಬೆ ಪಾನಕವೋ ಇರಲಿ, ಗುಟುಕಿನ ನಿಯಮ ಅವರಿಗೂ ಒಂದೇ. ಗರದ ಬಗ್ಗೆ ತಕರಾರು ಬಂದರೆ ಅವರ ಮಾತೇ ಕೊನೆ, ಬೈಕು ಕಾರಿನ ಕೀಲಿಗಳೂ ಅವರ ಜೇಬಿನಲ್ಲೇ. 21 ತುಂಬದವರು ಇದ್ದರೆ ಅವರಿಗೂ ಮಜ್ಜಿಗೆ ಬಾಟಲಿ. ಗಾಡಿ ಓಡಿಸುವವರಿಗೆ ಕಾನೂನಿನ ಮಿತಿ 100 ಮಿಲಿ ರಕ್ತಕ್ಕೆ 30 ಮಿಲಿಗ್ರಾಂ ಮದ್ಯಸಾರ. ಒಂದು ಬಾಟಲಿಯ 20 ಗ್ರಾಂ ಬೇಗ ಒಳಗೆ ಹೋದರೆ 60 ಕೆಜಿ ತೂಕದ ಗಂಡಸಿನಲ್ಲಿ ಅದು 50ರ ಹತ್ತಿರ, ಅದೇ ತೂಕದ ಹೆಂಗಸಿನಲ್ಲಿ 60ರ ಹತ್ತಿರ ಹೋಗುತ್ತದೆ. ಈ ಆಟದ ಇಷ್ಟು ಹಗುರ ಅಳತೆಯಲ್ಲೂ ಮಿತಿ ದಾಟಬಹುದು ಅಂದಾಯಿತು. ದಾವಣಗೆರೆ ಚಿತ್ರದುರ್ಗ ಎರಡಕ್ಕೂ ತಾಗಿಕೊಂಡೇ ಹೆದ್ದಾರಿ 48 ಓಡುತ್ತದೆ, ರಾತ್ರಿ ಲಾರಿಗಳ ಸಾಲು ಇರುತ್ತದೆ. ‘ಇಲ್ಲೇ ಪಕ್ಕದ ಬಡಾವಣೆ’ ಅನ್ನುವ ಮಾತಿಗೆ ಕೀಲಿ ಕೊಡಬೇಡಿ.

ಇಬ್ಬರೇ ಆಡುವುದಾದರೆ ಸರದಿ ಬೇಗ ಬೇಗ ಬರುತ್ತದೆ, ಆಟ ಅರ್ಧ ಹೊತ್ತಿನಲ್ಲಿ ಮುಗಿಯುತ್ತದೆ, ಗುಟುಕುಗಳು ಮಾತ್ರ ಅಷ್ಟೇನೂ ಕಡಿಮೆಯಾಗುವುದಿಲ್ಲ. ಆಗ ಬಾಟಲಿಗೆ 60ರ ಬದಲು 30 ಮಿಲಿ ಹಾಕಿ, 570 ಮಿಲಿ ನೀರು. ಎರಡನೇ ಆಟ ಆಡಬೇಕು ಅನ್ನಿಸಿದರೆ, ಇಬ್ಬರಿರಲಿ ನಾಲ್ವರಿರಲಿ, ಮೊದಲ ಬಾಟಲಿಯಲ್ಲಿ ಉಳಿದದ್ದನ್ನೇ ಮುಂದುವರಿಸಿ, ಹೊಸದು ಬೆರೆಸಬೇಡಿ. ಆಡಿದ ಮೇಲೆ ಕವಡೆಗಳನ್ನು ಬರಿ ನೀರಲ್ಲಿ ತೊಳೆದು ಒರೆಸಿಡಿ. ಬಿಯರಿನ ಅಂಟು ಬಾಯೊಳಗೆ ಒಣಗಿ ಕೂತರೆ ನೀವು 50 ಸಲ ಎಸೆದು ಆರಿಸಿದ ಕವಡೆಯೂ ಮುಂದಿನ ಸಲ ಬೇರೆ ಥರ ಬೀಳುತ್ತದೆ.